ಕೈಲಾಸಂ ಕನ್ನಡವನ್ನು ತಿದ್ದಬಹುದೇ?

ಪ್ರಶ್ನೆ: ಶಾಲೆಯ ವಾರ್ಷಿಕೋತ್ಸವಕ್ಕೆ ಟಿ.ಪಿ. ಕೈಲಾಸಂ ಅವರ ‘ಟೊಳ್ಳುಗಟ್ಟಿ’ ನಾಟಕ ಆಡಿಸುತ್ತಿದ್ದೇನೆ. ಒಂದು ಪುಟ ಓದುವಷ್ಟರಲ್ಲಿ ಮಕ್ಕಳು ಸುಸ್ತು. ಅರ್ಧ ಇಂಗ್ಲಿಷು, ಅರ್ಧ ನುಂಗಿದ ಕನ್ನಡ. ಶುದ್ಧ ಕನ್ನಡಕ್ಕೆ ತಿದ್ದಿಕೊಂಡರೆ ತಪ್ಪೇ?
- ತುಮಕೂರಿನ ಒಬ್ಬ ಮೇಷ್ಟ್ರು

ಉತ್ತರ: ತಿದ್ದಬೇಡಿ ಮೇಷ್ಟ್ರೇ. ಮೊದಲು ಮಕ್ಕಳ ಕೈಲಿರುವ ಪುಸ್ತಕ ಮುಚ್ಚಿಸಿ. ನೀವು ಜೋರಾಗಿ ಓದಿ, ಅವರು ಕೇಳಲಿ. ಕೈಲಾಸಂ ಅವರದೇ ಇನ್ನೊಂದು ನಾಟಕದ ‘ಬಂಡ್ವಾಳ್ವಿಲ್ಲದ್ಬಡಾಯಿ’ ಅನ್ನೋ ಹೆಸರನ್ನು ಅಚ್ಚಿನಲ್ಲಿ ನೋಡಿದರೆ ನನಗೂ ತಲೆ ಸುತ್ತುತ್ತೆ. ಬಾಯಿಬಿಟ್ಟು ಹೇಳಿ ನೋಡಿ, ಜಗುಲಿ ಮೇಲೆ ಕೂತು ಯಾರೋ ಯಾರನ್ನೋ ಆಡಿಕೊಂಡ ಹಾಗಿದೆ, ಅಲ್ವಾ?

ಕೈಲಾಸಂ ಪೆನ್ನು ಹಿಡಿದು ಕೂತು ಬರೆದವರಲ್ಲ. ನಾಟಕ ತಲೆಯಲ್ಲೇ ಇರುತ್ತಿತ್ತು. ಅವರು ಹೇಳುತ್ತಾ ಹೋಗುತ್ತಿದ್ದರು, ಸ್ನೇಹಿತರು ಬರೆದುಕೊಳ್ಳುತ್ತಿದ್ದರು. ಹಾಗಾಗಿ ನಿಮ್ಮ ಮುಂದಿರುವುದು ಕಿವಿಯಿಂದ ಹಿಡಿದಿಟ್ಟ ಮಾತು.

‘ಟೊಳ್ಳುಗಟ್ಟಿ’ 1918ರ ಹೊತ್ತಿನದು. ಆಗ ನಾಟಕ ಅಂದರೆ ಕಂಪನಿ ನಾಟಕ. ಕಿರೀಟ, ಪುರಾಣ, ಮಾತಿಗೊಂದು ಹಾಡು. ಲಂಡನ್ನಿನಲ್ಲಿ ಭೂಗರ್ಭಶಾಸ್ತ್ರ ಓದಿ ಬಂದ ಈ ಜಡ್ಜ್ ಮಗ ನಮ್ಮ ನಡುಮನೆಯನ್ನೇ ರಂಗದ ಮೇಲಿಟ್ಟರು. ಅಂದಹಾಗೆ, ಅವರ ಮನೆಮಾತು ತಮಿಳು!

ಇನ್ನು ಇಂಗ್ಲಿಷಿನ ವಿಷಯ. ಅದು ಸುಮ್ನೆ ನಗಿಸೋಕೆ ಬಂದದ್ದಲ್ಲ. ಆ ಮನೆಗಳಿಗೆ ಓದು, ಪರೀಕ್ಷೆ, ನೌಕರಿ, ಜಂಬ ಎಲ್ಲವೂ ಇಂಗ್ಲಿಷಿನ ಜೊತೆಗೇ ಬಂದಿದ್ದವು. ಪರೀಕ್ಷೆಯಲ್ಲಿ ಗೆಲ್ಲುವ ಪುಟ್ಟು ಟೊಳ್ಳು, ಓದು ಹತ್ತದ ಮಾಧು ಗಟ್ಟಿ ಅನ್ನೋದೇ ನಾಟಕ. ಇಂಗ್ಲಿಷ್ ಕಿತ್ತುಹಾಕಿದರೆ ಪುಟ್ಟುವಿನ ಅರ್ಧ ಟೊಳ್ಳು ಹೋಗಿಬಿಡುತ್ತೆ.

ಒಂದು ಮಾತು ಒಪ್ಪುತ್ತೇನೆ. ಇದು ಹಳೇ ಮೈಸೂರಿನ ಬ್ರಾಹ್ಮಣರ ಮನೆಗಳ ಕನ್ನಡ. ಹುಬ್ಬಳ್ಳಿಯ ಮಗುವಿಗೆ ಪರಕೀಯ ಅನ್ನಿಸಬಹುದು, ನಿಮ್ಮ ತುಮಕೂರಿನ ಎಷ್ಟೋ ಮಕ್ಕಳಿಗೂ. ಅವರು ತಮ್ಮ ತಮ್ಮ ಮನೆಯ ಮಾತಿನಲ್ಲಿ ಆಡಿದರೆ ನನ್ನ ತಕರಾರಿಲ್ಲ. ಪಠ್ಯಪುಸ್ತಕದ ಕನ್ನಡ ಮಾತ್ರ ಬೇಡ. ಇವತ್ತು ಧಾರಾವಾಹಿಯಲ್ಲಿ ಅತ್ತೆ ಸೊಸೆಗೆ ‘ಲೇಟಾಯ್ತಲ್ಲೇ’ ಅಂದರೆ ಯಾರೂ ಹುಬ್ಬೇರಿಸಲ್ಲ. ಆ ಸಲಿಗೆಯನ್ನು ಕನ್ನಡ ರಂಗಕ್ಕೆ ಮೊದಲು ಕಲಿಸಿದವರಲ್ಲಿ ಕೈಲಾಸಂ ಮುಖ್ಯರು. ನೀವು ಹೇಳುವ ಈ ‘ನುಂಗಿದ ಕನ್ನಡ’ದವರನ್ನೇ 1945ರಲ್ಲಿ ಮದರಾಸಿನ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರನ್ನಾಗಿ ಕೂರಿಸಿದರು. ಮರುವರ್ಷ ಅವರು ತೀರಿಕೊಂಡರು.

ಮಾಧು ಪಾತ್ರ ಯಾರಿಗೆ ಕೊಟ್ಟಿರಿ ಅಂತ ಬರೆದಿಲ್ಲ. ಫಸ್ಟ್ ರ‍್ಯಾಂಕ್ ಹುಡುಗನಿಗೆ ಕೊಟ್ಟಿದ್ದರೆ ವಾಪಸ್ ತಗೊಂಡು ಹಿಂದಿನ ಬೆಂಚಿನ ಯಾರಿಗಾದರೂ ಕೊಡಿ.