ನಾಯಿ ಕಚ್ಚಿದೆ, ಡಾಕ್ಟರು ಆಂಟಿಬಯೋಟಿಕ್ ಬರೆದಿಲ್ಲ. ಮನೆಯಲ್ಲಿ ಉಳಿದಿರೋ ಮಾತ್ರೆ ನುಂಗಬಹುದಾ?

ನಿನ್ನೆ ಸಂಜೆ ನಾಯಿ ಮೀನಖಂಡಕ್ಕೆ ಬಾಯಿ ಹಾಕಿದೆ, ಚರ್ಮ ತರಚಿ ಸ್ವಲ್ಪ ರಕ್ತ ಬಂದಿದೆ. ಡಾಕ್ಟರು ರೇಬೀಸ್ ಇಂಜೆಕ್ಷನ್ ಶುರು ಮಾಡಿ, ಟಿಟಿ ಕೊಟ್ಟು ಕಳಿಸಿದ್ದಾರೆ. ಆದರೆ ಆಂಟಿಬಯೋಟಿಕ್ ಬರೆದಿಲ್ಲ, ಮನೆಯಲ್ಲಿ ಹಿಂದೆ ಯಾವುದಕ್ಕೋ ತಂದ ಸೆಫಲೆಕ್ಸಿನ್ ಅನ್ನೋ ಆಂಟಿಬಯೋಟಿಕ್ ಮಾತ್ರೆ ನಾಲ್ಕೈದು ಉಳಿದಿದೆ, ನುಂಗಿಬಿಡಲಾ ಅಂತ ಕೇಳಿದ್ದೀರಿ. ಬೇಡ. ನಿಮ್ಮ ಡಾಕ್ಟರು ಮರೆತು ಬಿಟ್ಟಿರೋದೂ ಅಲ್ಲ ಅನಿಸುತ್ತೆ.

ನಾನು ಡಾಕ್ಟರಲ್ಲ. ಆದರೆ ಒಂದೇ ನಾಯಿಯಿಂದ, ಒಂದೇ ನಿಮಿಷದಲ್ಲಿ ಎರಡು ಕಡೆ ಕಚ್ಚಿಸಿಕೊಂಡವನು. ನನ್ನ ನಾಯಿ ಇನ್ನೊಂದರ ಜೊತೆ ಕಚ್ಚಾಟಕ್ಕೆ ಬಿತ್ತು, ಬಿಡಿಸೋಕೆ ನಡುವೆ ಕೈ ಹಾಕಿದೆ (ಯಾರೂ ಹೀಗೆ ಮಾಡಬೇಡಿ). ತೊಡೆ ಮೇಲೆ ಮೂರು ಇಂಚು ಸೀಳು, ಹೆಬ್ಬೆರಳಿನ ಬುಡದಲ್ಲಿ ಎರಡು ಸಣ್ಣ ತೂತು. ತೂತು ಅಂದರೆ ಸೂಜಿ ಚುಚ್ಚಿದ ಹಾಗೆ, ರಕ್ತವೂ ಸರಿಯಾಗಿ ಬರಲಿಲ್ಲ. ನನಗೆ ಭಯ ಆಗಿದ್ದು ತೊಡೆ ನೋಡಿ. ಅದನ್ನು ಸೋಪು ಹಾಕಿ ಕಾಲು ಗಂಟೆ ತೊಳೆದೆ. ಕೈಯನ್ನು ಸುಮ್ನೆ ನಲ್ಲಿ ಕೆಳಗೆ ಹಿಡಿದು ಒರೆಸಿಕೊಂಡೆ, ಡಾಕ್ಟರಿಗೂ ಅದರ ಬಗ್ಗೆ ಹೇಳಲಿಲ್ಲ. ಬೆಳಗ್ಗೆ ಎದ್ದು ಅಂಗಿ ಗುಂಡಿ ಹಾಕೋಕೆ ಹೋದರೆ ಹೆಬ್ಬೆರಳು ಮಡಚೋಕೇ ಆಗ್ತಿಲ್ಲ. ಬುಡ ಊದಿ, ಕೆಂಪಾಗಿ, ಎದೆ ಬಡಿತದ ಜೊತೆಗೇ ಪಟಪಟ ಅಂತ ಸೆಳೆಯುತ್ತಿತ್ತು. ಕೊನೆಗೆ ಕೊಯ್ದು ತೊಳೆಯಬೇಕಾಯಿತು. ತೊಡೆಯ ಗಾಯ ತನ್ನ ಪಾಡಿಗೆ ತಾನು ಒಣಗಿತು.

ಯಾಕೆ ಹೀಗೆ ಅಂತ ಆಮೇಲೆ ಕೇಳಿದಾಗ ಗೊತ್ತಾಗಿದ್ದು ಇದು. ಕೈಯಲ್ಲಿ ಚರ್ಮದ ಕೆಳಗೇ ಕೀಲು, ಮೂಳೆ, ಬೆರಳು ಮಡಚುವ ಹುರಿಯಂಥ ಟೆಂಡನ್‌ಗಳು ಇವೆ. ಹಲ್ಲು ಊರಿದರೆ ನೇರ ಅಲ್ಲಿಗೇ ತಲುಪುತ್ತೆ. ಟೆಂಡನ್ ಸುತ್ತ ಇರೋ ಕೊಳವೆಯಂಥ ಹೊದಿಕೆಗೆ ರಕ್ತ ಹರಿಯೋದು ಕಡಿಮೆ, ಒಳಗೆ ಹೊಕ್ಕ ಕೀಟಾಣುವಿಗೆ ಅಡ್ಡಿಯಿಲ್ಲ. ಮೇಲಿನ ತೂತು ಸಣ್ಣದು, ಬೇಗ ಮುಚ್ಚಿಕೊಳ್ಳುತ್ತೆ, ನೀರು ಒಳಗೆ ಹೋಗೋದೇ ಇಲ್ಲ. ಕಾಲಿನಲ್ಲಿ ಮಾಂಸ ಜಾಸ್ತಿ, ರಕ್ತ ಜಾಸ್ತಿ, ಸೀಳಿದ ಗಾಯ ತೆರೆದೇ ಇರುತ್ತೆ, ತೊಳೆದರೆ ಹೋಗುತ್ತೆ.

ಇದು ನನ್ನೊಬ್ಬನ ಕಥೆ ಮಾತ್ರ ಅಲ್ಲ. ವೈದ್ಯಕೀಯ ಪ್ರಯೋಗಗಳನ್ನು ಒಟ್ಟುಗೂಡಿಸಿ ತೂಗುವ ಕಾಕ್ರೇನ್ ಸಂಸ್ಥೆಯ 2001ರ ಪರಿಶೀಲನೆಯಲ್ಲಿ ಪ್ರಾಣಿ, ಮನುಷ್ಯರು ಕಚ್ಚಿದ ಗಾಯಗಳ ಪ್ರಯೋಗಗಳನ್ನು ಒಟ್ಟು ಹಾಕಿ ನೋಡಿದ್ದರು. ನಾಯಿ ಕಡಿತಕ್ಕೆಲ್ಲ ಮೊದಲೇ ಆಂಟಿಬಯೋಟಿಕ್ ಕೊಟ್ಟರೆ ಲಾಭ ಅಂತ ಸಾಬೀತಾಗಲಿಲ್ಲ. ಆದರೆ ಕೈಗೆ ಕಚ್ಚಿಸಿಕೊಂಡವರಲ್ಲಿ ಆಂಟಿಬಯೋಟಿಕ್‌ನಿಂದ ಸೋಂಕು ಶೇ. 28ರಿಂದ ಶೇ. 2ಕ್ಕೆ ಇಳಿದಿತ್ತು. ಪ್ರಯೋಗಗಳು ಚಿಕ್ಕವು, ನಿಜ, ಆದರೂ ಅಷ್ಟು ವ್ಯತ್ಯಾಸ ನೋಡಿದ ಮೇಲೆ ಕೈ ಕಡಿತವನ್ನು ನಾನಂತೂ ಹಗುರವಾಗಿ ತಗೊಳ್ಳಲ್ಲ. ಕೈ ಬಿಟ್ಟರೆ ಮುಖ, ಆಳಕ್ಕೆ ಊರಿದ್ದು, ಕೀಲು ಅಥವಾ ಮೂಳೆ ತನಕ ಹೋಗಿದ್ದು, ಜಜ್ಜಿಹೋಗಿದ್ದು, ಇವಕ್ಕೆ ಡಾಕ್ಟರುಗಳು ಸಾಮಾನ್ಯವಾಗಿ ಮೊದಲೇ ಮೂರರಿಂದ ಐದು ದಿನದ ಕೋರ್ಸ್ ಕೊಡುತ್ತಾರೆ. ಕಚ್ಚಿಸಿಕೊಂಡವರು ಯಾರು ಅನ್ನೋದೂ ಮುಖ್ಯ. ಸಕ್ಕರೆ ಕಾಯಿಲೆ, ಲಿವರ್ ತೊಂದರೆ, ರೋಗನಿರೋಧಕ ಶಕ್ತಿ ತಗ್ಗಿಸುವ ಔಷಧಿ, ಅಥವಾ ಆಪರೇಷನ್ ಮಾಡಿ ಸ್ಪ್ಲೀನ್ (ಗುಲ್ಮ) ತೆಗೆಸಿದ್ದರೆ ಸಣ್ಣ ಗಾಯವೂ ಸಣ್ಣದಲ್ಲ. ನಾಯಿ ಬಾಯಲ್ಲಿ ಕ್ಯಾಪ್ನೋಸೈಟೋಫಾಗ ಅಂತ ಒಂದು ಬ್ಯಾಕ್ಟೀರಿಯಾ ಇರುತ್ತೆ, ಸ್ಪ್ಲೀನ್ ಇಲ್ಲದವರ ರಕ್ತಕ್ಕೆ ಸೇರಿದರೆ ಜೀವಕ್ಕೇ ಅಪಾಯ. ಇವುಗಳಲ್ಲಿ ಯಾವುದಾದರೂ ನಿಮಗಿದ್ದು ಡಾಕ್ಟರಿಗೆ ಹೇಳಿಲ್ಲ ಅಂದರೆ ಇವತ್ತೇ ಫೋನ್ ಮಾಡಿ.

ಈಗ ಸೆಫಲೆಕ್ಸಿನ್ ವಿಷಯ. ಕಡಿತದ ಗಾಯದಲ್ಲಿ ಪಾಶ್ಚುರೆಲ್ಲಾ ಅನ್ನೋ ಬ್ಯಾಕ್ಟೀರಿಯಾ ಸಾಮಾನ್ಯ, ಸೆಫಲೆಕ್ಸಿನ್ ಅದರ ಮೇಲೆ ಸರಿಯಾಗಿ ಕೆಲಸ ಮಾಡಲ್ಲ. ಆಮ್ಲಜನಕ ಇಲ್ಲದೆ ಬೆಳೆಯೋ ಬ್ಯಾಕ್ಟೀರಿಯಾಗಳೂ ಬಾಯಲ್ಲಿ ಬೇಕಾದಷ್ಟಿರುತ್ತವೆ. ಅದಕ್ಕೇ ಅಮಾಕ್ಸಿಸಿಲಿನ್ ಜೊತೆ ಕ್ಲಾವುಲನೇಟ್ ಸೇರಿದ ಮಾತ್ರೆ ಮೊದಲ ಆಯ್ಕೆ, ಪೆನಿಸಿಲಿನ್ ಅಲರ್ಜಿ ಇದ್ದವರಿಗೆ ಬೇರೆ ಇವೆ. ಆ ಮೊದಲ ಆಯ್ಕೆಯ ಮಾತ್ರೆಗೆ ಹೊಟ್ಟೆ ಕೆಡೋದುಂಟು, ನನಗಂತೂ ಕೆಟ್ಟಿತ್ತು. ನಿಮ್ಮ ನಾಲ್ಕು ಮಾತ್ರೆ ಸೋಂಕನ್ನು ತಡೆಯಲ್ಲ, ಸ್ವಲ್ಪ ಹೊತ್ತು ಮರೆಮಾಚಬಹುದು ಅಷ್ಟೇ.

ತಮಾಷೆ ಅಂದರೆ ಪಾಶ್ಚುರೆಲ್ಲಾಕ್ಕೆ ಆ ಹೆಸರು ಬಂದಿದ್ದು ಲೂಯಿ ಪಾಶ್ಚರ್‌ನಿಂದ, 1885ರಲ್ಲಿ ರೇಬೀಸ್ ಲಸಿಕೆ ಕೊಟ್ಟವನೂ ಅವನೇ. ಹೆಸರು ಒಂದೇ ಇರಬಹುದು, ಕೆಲಸ ಬೇರೆ ಬೇರೆ. ಆಂಟಿಬಯೋಟಿಕ್ ಬ್ಯಾಕ್ಟೀರಿಯಾಕ್ಕೆ, ರೇಬೀಸ್ ವೈರಸ್. ಮಾತ್ರೆ ತಗೊಂಡೆ ಅಂತ ಯಾರಾದರೂ ಇಂಜೆಕ್ಷನ್ ತಪ್ಪಿಸಿದರೆ ಅವರನ್ನು ಉಳಿಸೋದು ಯಾವ ಮಾತ್ರೆಗೂ ಆಗಲ್ಲ. ಅಂದಹಾಗೆ ರಕ್ತ ಬಂದಿದೆ ಅಂದಿರಲ್ಲ, ಗಾಯದ ಒಳಗೂ ಸುತ್ತಲೂ ಚುಚ್ಚುವ ಇಮ್ಯುನೋಗ್ಲೋಬುಲಿನ್ (ರೇಬೀಸ್ ವೈರಸ್ ವಿರುದ್ಧದ ಸಿದ್ಧ ಪ್ರತಿಕಾಯ) ಕೊಟ್ಟರಾ? ಹಿಂದೆ ಪೂರ್ತಿ ರೇಬೀಸ್ ಲಸಿಕೆ ಹಾಕಿಸಿಕೊಂಡಿದ್ದರೆ ಅದು ಬೇಡ. ಇಲ್ಲ ಅಂದರೆ ಖಂಡಿತ ಕೇಳಿ. ಮೊದಲ ಲಸಿಕೆ ಆಗಿ ಏಳು ದಿನದೊಳಗೆ ಕೊಡಬಹುದು, ಆದರೆ ಅಷ್ಟು ದಿನ ಕಾಯಬೇಡಿ. ಆಂಟಿಬಯೋಟಿಕ್‌ಗಿಂತ ನನಗೆ ಇದರದ್ದೇ ಜಾಸ್ತಿ ಚಿಂತೆ.

ಪಾಶ್ಚುರೆಲ್ಲಾ ಸೋಂಕು ಆದರೆ ಸಾಮಾನ್ಯವಾಗಿ ಒಂದು ದಿನದೊಳಗೇ ಊತ, ನೋವು ಶುರು. ನಿಮಗೆ ಹೆಚ್ಚುಕಮ್ಮಿ ಅಷ್ಟು ಹೊತ್ತು ಕಳೆದಿದೆ, ಒಳ್ಳೆಯದೇ. ಬೇರೆ ಬ್ಯಾಕ್ಟೀರಿಯಾದ್ದು ಎರಡು ಮೂರು ದಿನ ಬಿಟ್ಟೂ ಬರಬಹುದು. ಒಂದು ಬಾಲ್ ಪೆನ್ ತಗೊಂಡು ಗಾಯದ ಸುತ್ತ ಕೆಂಪು ಎಲ್ಲಿ ಮುಗಿಯುತ್ತೋ ಅಲ್ಲಿ ಗೆರೆ ಎಳೆಯಿರಿ, ಪಕ್ಕದಲ್ಲೇ ಟೈಮ್ ಬರೆಯಿರಿ. ಕೆಂಪು ಗೆರೆ ದಾಟಿದರೆ, ಕೀವು ಬಂದರೆ, ಜ್ವರ ಬಂದರೆ, ಮೇಲಕ್ಕೆ ಕೆಂಪು ಪಟ್ಟಿ ಓಡಿದರೆ ಅವತ್ತೇ ಹೋಗಿ, ಮಾರನೇ ದಿನ ನೋಡೋಣ ಅನ್ನಬೇಡಿ. ಕೈಗೂ ಏನಾದರೂ ಹಲ್ಲು ತಾಗಿದೆಯಾ ಅಂತ ಬೆಳಕಲ್ಲಿ ಒಂದು ಸಲ ನೋಡಿಕೊಳ್ಳಿ.