ಓದುಗರ ಪ್ರಶ್ನೆ: ಲಿಬ್‌ಜಿಬಿಎಂ ಕಾಣೆಯಾದಾಗ

ಪ್ರಶ್ನೆ: ಉಬುಂಟು ಇಮೇಜಿನ ಡಾಕರ್ ಕಂಟೇನರ್‌ನಲ್ಲಿ (ತಂತ್ರಾಂಶವನ್ನು ಪ್ರತ್ಯೇಕ ಪೆಟ್ಟಿಗೆಯಲ್ಲಿಟ್ಟಂತೆ ಓಡಿಸುವ ವ್ಯವಸ್ಥೆ) ಹೆಡ್‌ಲೆಸ್ ಕ್ರೋಮ್ (ಪರದೆ ಇಲ್ಲದೆ ಓಡುವ ಕ್ರೋಮ್) ಓಡಿಸಿ ಬಿಲ್ಲುಗಳ ಪಿಡಿಎಫ್ ತೆಗೆಯಲು ಹೋದರೆ, ‘ಲಿಬ್‌ಜಿಬಿಎಂ.ಎಸ್‌ಒ.1 ತೆರೆಯಲಾಗದು’ ಎಂದು ನಿಂತುಬಿಡುತ್ತದೆ. ಗೆಳೆಯರ ಲ್ಯಾಪ್‌ಟಾಪ್‌ನಿಂದ ಆ ಫೈಲ್ ಕಾಪಿ ಮಾಡಿ ಹಾಕಲೇ?

ಉತ್ತರ: ಖಂಡಿತ ಬೇಡ. ಇದು ಮೆಸಾ ಗ್ರಾಫಿಕ್ಸ್ ತಂಡದ ಲೈಬ್ರರಿ, ಅಂದರೆ ಬೇರೆ ತಂತ್ರಾಂಶಗಳು ಬಳಸಿಕೊಳ್ಳುವ ಸಿದ್ಧ ಕೋಡ್. ಚಿತ್ರ ಮೂಡಿಸಲು ಬೇಕಾದ ಮೆಮೊರಿ ಬಫರ್‌ಗಳನ್ನು ಕಾದಿರಿಸಿ ಕೊಡುವುದು ಇದರ ಕೆಲಸ. ಪರದೆ ಇಲ್ಲದಿದ್ದರೂ ಕ್ರೋಮ್ ಶುರುವಾಗುವಾಗಲೇ ಇದನ್ನು ಹುಡುಕುತ್ತದೆ. ಬೇರೆ ಆವೃತ್ತಿಯ ಯಂತ್ರದಿಂದ ತಂದರೆ ಜಿಲಿಬ್‌ಸಿ (ಲಿನಕ್ಸ್‌ನ ಮೂಲ ಲೈಬ್ರರಿ) ಹೊಂದದೆ ಇನ್ನೊಂದು ದೋಷ ಎದುರಾಗಬಹುದು.

ಮೊದಲು ಕ್ರೋಮ್ ಫೈಲಿನ ಮೇಲೆ ‘ಎಲ್‌ಡಿಡಿ’ (ಬೇಕಾದ ಲೈಬ್ರರಿಗಳ ಪಟ್ಟಿ ಕೊಡುವ ಆದೇಶ) ಓಡಿಸಿ, ‘ನಾಟ್ ಫೌಂಡ್’ ಎಂದಿರುವ ಸಾಲುಗಳನ್ನೆಲ್ಲ ಬರೆದುಕೊಳ್ಳಿ. ಸಾಮಾನ್ಯವಾಗಿ ಕಾಣೆಯಾಗಿರುವುದು ಇದೊಂದೇ ಅಲ್ಲ. ಆಮೇಲೆ ‘ಆಪ್ಟ್ ಅಪ್‌ಡೇಟ್’, ನಂತರ ‘ಲಿಬ್‌ಜಿಬಿಎಂ1’ ಪ್ಯಾಕೇಜ್ ಹಾಕಿ; ಕಾಣೆಯಾದ ಉಳಿದವುಗಳ ಪ್ಯಾಕೇಜ್‌ಗಳನ್ನೂ ಹಾಕಿ. ಫೆಡೋರಾದಲ್ಲಿ ‘ಲಿಬ್‌ಜಿಬಿಎಂ1’ರ ಹೆಸರು ‘ಮೆಸಾ-ಲಿಬ್‌ಜಿಬಿಎಂ’. ಪ್ಯಾಕೇಜ್ ಹಾಕುವ ಈ ಸಾಲು ಡಾಕರ್‌ಫೈಲ್‌ನಲ್ಲೇ (ಇಮೇಜ್ ಕಟ್ಟುವ ಸೂಚನೆಗಳ ಫೈಲ್) ಇರಲಿ. ಓಡುತ್ತಿರುವ ಕಂಟೇನರ್ ಒಳಗೆ ಹಾಕಿದ್ದು ಹೊಸ ಕಂಟೇನರ್ ಎಬ್ಬಿಸಿದೊಡನೆ ಮಾಯ.

ಇಷ್ಟಾದ ಮೇಲೂ ದೊಡ್ಡ ಪುಟಗಳಲ್ಲಿ ಕ್ರೋಮ್ ಕುಸಿದರೆ ತಪ್ಪು ಬಹುಶಃ ಲೈಬ್ರರಿಯದಲ್ಲ, ಮೆಮೊರಿಯದು. ಡಾಕರ್ ಹಂಚಿಕೆಯ ಮೆಮೊರಿಗೆ ತಾನಾಗಿ ಕೊಡುವುದು ಬರೀ 64 ಎಂಬಿ. ಕಂಟೇನರ್ ಎಬ್ಬಿಸುವಾಗ ‘ಎಸ್‌ಎಚ್‌ಎಂ-ಸೈಜ್’ ಆಯ್ಕೆಯಲ್ಲಿ 1 ಜಿಬಿ ಕೊಟ್ಟು ನೋಡಿ.