ಅಮ್ಮನಿಗೆ ಡಯಾಲಿಸಿಸ್, ನನಗೆ ರಾಯಚೂರಿಗೆ ವರ್ಗ: ಕೆಎಟಿಗೆ ಹೋದರೆ ನಿಲ್ಲುತ್ತಾ?

ನೀವು ಮಂಡ್ಯದಲ್ಲಿ ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕರು). ವರ್ಷದ ಮಧ್ಯೆ ರಾಯಚೂರಿಗೆ ಆರ್ಡರ್ ಬಂದಿದೆ. ಅಮ್ಮನಿಗೆ ಮೈಸೂರಿನಲ್ಲಿ ವಾರಕ್ಕೆ ಮೂರು ಸಲ ಡಯಾಲಿಸಿಸ್, ಕರೆದುಕೊಂಡು ಹೋಗಲು ನಿಮ್ಮನ್ನು ಬಿಟ್ಟರೆ ಯಾರೂ ಇಲ್ಲ. ‘ನೇರ ಕೆಎಟಿಗೆ ಹೋಗಿ, ಸ್ಟೇ ಸಿಗುತ್ತೆ’ ಅಂತ ಆಫೀಸಿನಲ್ಲಿ ಹೇಳಿದ್ದಾರೆ. ಕೆಎಟಿ ಅಂದರೆ ಸರ್ಕಾರಿ ನೌಕರರ ಸೇವಾ ವಿಷಯಗಳನ್ನು ವಿಚಾರಿಸುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ. ಇದು ಸರಿಯಾ ಅಂತ ಕೇಳಿದ್ದೀರಿ.

ನಾನು ಮೈಸೂರಿನಲ್ಲಿ ಸರ್ಕಾರಿ ಕಚೇರಿಯ ಸಿಬ್ಬಂದಿ ಶಾಖೆಯಲ್ಲಿದ್ದು ನಿವೃತ್ತಳಾದವಳು. ಇಂಥ ಕಡತಗಳನ್ನು ತುಂಬಾ ನೋಡಿದ್ದೇನೆ. ನಮ್ಮ ತಂದೆಗೂ ಡಯಾಲಿಸಿಸ್ ಇತ್ತು. ನಾಲ್ಕು ಗಂಟೆ ಮೆಷಿನ್‌ನಲ್ಲಿದ್ದು ಎದ್ದವರನ್ನು ಒಬ್ಬರೇ ಬಸ್ಸು ಹತ್ತಿಸಲು ಆಗುವುದಿಲ್ಲ. ನಿಮ್ಮ ಸಂಕಟ ನನಗೆ ಅರ್ಥವಾಗುತ್ತದೆ.

ಆದರೆ ಕೆಎಟಿ ಮುಂದೆ ಅಮ್ಮನ ಕಾಯಿಲೆಯನ್ನಷ್ಟೇ ಇಟ್ಟರೆ ಸಾಲುವುದಿಲ್ಲ. 1993ರ ಎಸ್.ಎಲ್. ಅಬ್ಬಾಸ್ ಪ್ರಕರಣದಲ್ಲಿ ಶಿಲ್ಲಾಂಗ್‌ನಿಂದ ವರ್ಗವಾದ ನೌಕರರು ಹೆಂಡತಿಯ ಕೆಲಸ, ಮಕ್ಕಳ ಓದು, ತಮ್ಮ ಆರೋಗ್ಯ ಎಲ್ಲ ಹೇಳಿಕೊಂಡರು. ಯಾರನ್ನು ಎಲ್ಲಿಗೆ ಹಾಕಬೇಕೆಂದು ತೀರ್ಮಾನಿಸುವುದು ಇಲಾಖೆ, ದುರುದ್ದೇಶ ಇದ್ದರೆ ಅಥವಾ ಕಾನೂನು ಮೀರಿದ್ದರೆ ಮಾತ್ರ ಕೋರ್ಟ್ ಕೈ ಹಾಕಬಹುದು ಎಂದಿತು ಸುಪ್ರೀಂ ಕೋರ್ಟ್. ಅದೇ ತೀರ್ಪಿನಲ್ಲಿ, ನೌಕರ ಮನವಿ ಕೊಟ್ಟರೆ ಇಲಾಖೆ ಅದನ್ನು ಪರಿಶೀಲಿಸಲೇಬೇಕು ಎಂದೂ ಇದೆ. ಅಮ್ಮನ ವಿಷಯಕ್ಕೆ ಜಾಗ ಇರುವುದು ಆ ಮನವಿಯಲ್ಲಿ.

ಅದನ್ನು ಇವತ್ತೇ ಬರೆಯಿರಿ. ‘ಡಯಾಲಿಸಿಸ್ ರಾಯಚೂರಿನಲ್ಲೂ ಇದೆಯಲ್ಲ’ ಎಂಬ ಮಾತು ಬಂದೇ ಬರುತ್ತದೆ. ಅದು ಸುಳ್ಳಲ್ಲ, ತಾಲ್ಲೂಕು ಆಸ್ಪತ್ರೆಗಳಲ್ಲೂ ಈಗ ಮಾಡುತ್ತಾರೆ. ಹಾಗಾಗಿ ಬರೀ ಮೆಡಿಕಲ್ ಸರ್ಟಿಫಿಕೇಟ್ ಲಗತ್ತಿಸಿ ಸುಮ್ನೆ ಕೂರಬೇಡಿ. ಕಿಡ್ನಿ ಡಾಕ್ಟರ್ ಹತ್ತಿರ ವಿವರವಾದ ಪತ್ರ ಕೇಳಿ. ಎಷ್ಟು ಕಾಲದಿಂದ ಚಿಕಿತ್ಸೆ, ಫಿಸ್ಟುಲಾ (ಡಯಾಲಿಸಿಸ್‌ಗಾಗಿ ಕೈಯಲ್ಲಿ ಮಾಡುವ ರಕ್ತನಾಳದ ಜೋಡಣೆ) ಯಾವ ಸ್ಥಿತಿಯಲ್ಲಿದೆ, ಹೃದಯದ ತೊಂದರೆ ಇದೆಯಾ, ಊರು ಬದಲಿಸಿದರೆ ಏನು ಅಪಾಯ, ಎಲ್ಲ ಅದರಲ್ಲಿರಲಿ. ಕಿಡ್ನಿ ಕಸಿಗಾಗಿ ಮೈಸೂರಿನ ಆಸ್ಪತ್ರೆಯ ಮೂಲಕ ಜೀವಸಾರ್ಥಕತೆಯಲ್ಲಿ (ರಾಜ್ಯದ ಅಂಗಾಂಗ ಕಸಿ ಸಂಸ್ಥೆ) ಹೆಸರು ನೋಂದಾಯಿಸಿದ್ದರೆ ಆ ದಾಖಲೆ ಎಲ್ಲಕ್ಕಿಂತ ಮೇಲೆ ಇರಲಿ. ಅಕ್ಕ-ತಮ್ಮಂದಿರು ಬೇರೆ ಊರಲ್ಲಿದ್ದರೆ ಅದಕ್ಕೂ ಪುರಾವೆ ಕೊಡಿ. ಮನವಿ ಮೇಲಧಿಕಾರಿಯ ಮೂಲಕವೇ ಹೋಗಲಿ, ಸ್ವೀಕೃತಿ ಸೀಲು ಹಾಕಿಸಿಕೊಳ್ಳಿ. ಎಂಎಲ್‌ಎ ಲೆಟರ್ ಮಾತ್ರ ಬೇಡ. ನಡತೆ ನಿಯಮದ ಪ್ರಕಾರ ಅದೇ ತಪ್ಪು.

ಇನ್ನು ಆರ್ಡರ್ ತೆಗೆದು ನಿಧಾನವಾಗಿ ಓದಿ. ರಾಜ್ಯ ಸರ್ಕಾರದ ವರ್ಗಾವಣೆ ಮಾರ್ಗಸೂಚಿ ಪ್ರಕಾರ ಸಾರ್ವತ್ರಿಕ ವರ್ಗಾವಣೆ ಅವಧಿ ಮುಗಿದ ಮೇಲೆ ವರ್ಗ ಮಾಡಲು ಮುಖ್ಯಮಂತ್ರಿಗಳ ಪೂರ್ವಾನುಮೋದನೆ ಬೇಕು. ಅದು ಆರ್ಡರಿನಲ್ಲಿ ಕಾಣುತ್ತಿದೆಯಾ? ಒಂದೇ ಜಾಗದಲ್ಲಿ ಇರಬೇಕಾದ ನಿಮ್ಮ ಕನಿಷ್ಠ ಅವಧಿ ಮುಗಿದಿತ್ತಾ? ಅನುಮೋದನೆ ಇಲ್ಲದಿದ್ದರೆ ಕೆಎಟಿಯಲ್ಲಿ ಅದೇ ನಿಮ್ಮ ಮುಖ್ಯ ಅಂಶ, ಅಮ್ಮನ ವಿಷಯ ಅದರ ಹಿಂದೆ ಬರಲಿ. ಅರ್ಜಿ ಬೆಂಗಳೂರು ಪೀಠಕ್ಕೆ ಹೋಗುತ್ತದೆ. ಮನವಿ ಕೊಡದೆ ಹೋದರೆ ‘ಮೊದಲು ಇಲಾಖೆಯನ್ನು ಕೇಳಿದ್ದೀರಾ’ ಎಂಬ ಪ್ರಶ್ನೆ ಎದುರಾಗುತ್ತದೆ.

ಹೋಗುವುದಾದರೆ ಬೇಗ ಹೋಗಿ. ನಿಮ್ಮ ಜಾಗಕ್ಕೆ ಬರುವವರು ಡ್ಯೂಟಿ ರಿಪೋರ್ಟ್ ಮಾಡಿಕೊಂಡರೆ ಕಷ್ಟ ಜಾಸ್ತಿ. ಅವರೇ ಮೊದಲು ಕೇವಿಯಟ್ (‘ನಮ್ಮನ್ನು ಕೇಳದೆ ಸ್ಟೇ ಕೊಡಬೇಡಿ’ ಎಂಬ ಅರ್ಜಿ) ಹಾಕಿರಲೂಬಹುದು. ರಿಲೀವ್ ಆದ ಮೇಲೆ ರಜೆ ಅರ್ಜಿ ಕೊಡದೆ ಮನೆಯಲ್ಲಿ ಉಳಿಯಬೇಡಿ, ಅನಧಿಕೃತ ಗೈರುಹಾಜರಿ ಅಂತ ಇಲಾಖಾ ವಿಚಾರಣೆ ಶುರುವಾದರೆ ಅಮ್ಮನನ್ನು ನೋಡಿಕೊಳ್ಳಲೂ ಆಗುವುದಿಲ್ಲ.

ಯಾರಾದರೂ ವಾಟ್ಸಾಪ್‌ನಲ್ಲಿ 2018ರ ಕೇಂದ್ರದ ಸುತ್ತೋಲೆ ಕಳಿಸಬಹುದು. ಅದು ವಿಶೇಷಚೇತನ ಅವಲಂಬಿತರನ್ನು ನೋಡಿಕೊಳ್ಳುವ ಕೇಂದ್ರ ನೌಕರರಿಗೆ. ನಿಮ್ಮ ಮನವಿಯನ್ನು ಅದರ ಮೇಲೆ ನಿಲ್ಲಿಸಬೇಡಿ.

ಮನವಿಯಲ್ಲಿ ‘ರದ್ದು ಮಾಡಿ’ ಎಂದಷ್ಟೇ ಕೇಳಿದರೆ ಅಧಿಕಾರಿಗೆ ಬೇರೆ ದಾರಿ ಇರುವುದಿಲ್ಲ ಅಲ್ವಾ? ಪಾಂಡವಪುರ, ನಂಜನಗೂಡು, ತಿ. ನರಸೀಪುರ, ಎಲ್ಲಿ ನಿಮ್ಮ ಹುದ್ದೆ ಖಾಲಿ ಇದೆ ಎಂದು ವಿಚಾರಿಸಿ, ಹೆಸರು ಹಾಕಿ, ‘ಮಾರ್ಪಡಿಸಿ’ ಎಂದೂ ಕೇಳಿ. ಶ್ರೀರಂಗಪಟ್ಟಣ ಸಿಕ್ಕಿಬಿಟ್ಟರೆ ಅಮ್ಮನ ಆಸ್ಪತ್ರೆ ನಿಮಗೆ ಈಗಿನದಕ್ಕಿಂತ ಹತ್ತಿರವೇ ಆಗುತ್ತದೆ.